ಆರಿದ ಕುಲುಮೆಯ ಮುಂದೆ

ಒಂಬತ್ತು ಗಂಟೆಗೂ ಮಿಕ್ಕಿದ ಸಾಕ್ಷ್ಯಚಿತ್ರವೊಂದಿದೆಯೆಂದು ಕೇಳಿದಾಗ ನಾವು ಮೊದಲು ಹಿಂಜರಿದೆವು. ನಮ್ಮ ಕಡೆಯ ದೊಡ್ಡಾಟಕ್ಕೆ ಬೇಕಾಗುವಷ್ಟು ಕಾಲವದು! ಮೂರು ಸಂಜೆಗಳಲ್ಲಿ ನೋಡಿ ಮುಗಿಸಿದೆವು. ಅದಾಗಿ ಬಹುದಿನಗಳಾದರೂ ಆ ಜನರ ಮುಖಗಳು ನಮ್ಮ ಕಣ್ಣಿನಿಂದ ಮರೆಯಾಗಿಲ್ಲ.

ಚೀನದ ಈಶಾನ್ಯದಲ್ಲಿರುವ ಷೆನ್ಯಾಂಗ್ ನಗರದಲ್ಲಿ ತಿಯೆಶಿ ಎಂಬ ವಿಭಾಗವಿದೆ. ರೈಲುಹಳಿಯ ಪಡುವಣ ಭಾಗವೆಂದು ಆ ಹೆಸರಿನ ತಾತ್ಪರ್ಯ. 1930ರ ದಶಕದಲ್ಲಿ ಜಪಾನೀಯರ ಅಧೀನದಲ್ಲಿ ಬೆಳೆದ ಅಲ್ಲಿಯ ಕಾರ್ಖಾನೆಗಳು 1949ರ ಕ್ರಾಂತಿಯ ತರುವಾಯ ಸೋವಿಯತ್ ನೆರವಿನಿಂದ ವಿಸ್ತಾರಗೊಂಡವು. ಸಂಬಳದ ಜೊತೆಗೆ ಮನೆ, ಚಿಕಿತ್ಸೆ, ಮಕ್ಕಳ ವಿದ್ಯೆ, ಮುಪ್ಪಿನ ಕಾಲದ ವೇತನ ಎಲ್ಲವೂ ಕಾರ್ಖಾನೆಯಿಂದಲೇ ದೊರೆಯುತ್ತಿದ್ದವು. ಅಂಥ ನೌಕರಿಯನ್ನು ಚೀನೀಯರು ‘ಕಬ್ಬಿಣದ ಅನ್ನಪಾತ್ರೆ’ಯೆಂದು ಕರೆಯುತ್ತಿದ್ದರು. 1990ರ ದಶಕದ ಉತ್ತರಾರ್ಧದಲ್ಲಿ ನಷ್ಟಕ್ಕೀಡಾದ ಸರ್ಕಾರಿ ಉದ್ದಿಮೆಗಳನ್ನು ಮುಚ್ಚತೊಡಗಿದಾಗ ಕೋಟ್ಯಂತರ ಜನರ ಪಾಲಿಗೆ ಆ ಪಾತ್ರೆ ಒಡೆದುಹೋಯಿತು.

1967ರಲ್ಲಿ ಜನಿಸಿದ ವಾಂಗ್ ಬಿಂಗ್ ಇದೇ ನಗರದಲ್ಲಿ ಛಾಯಾಗ್ರಹಣ ಕಲಿತವರು. ಬಾಡಿಗೆಗೆ ತಂದ ಸಣ್ಣದೊಂದು ವಿಡಿಯೋ ಕ್ಯಾಮೆರಾ ಹಿಡಿದು 1999ರಿಂದ 2001ರವರೆಗೆ ಅವರು ಈ ಕಾರ್ಖಾನೆಗಳಲ್ಲಿ ಬಹುಮಟ್ಟಿಗೆ ಒಬ್ಬಂಟಿಯಾಗಿ ಸಂಚರಿಸಿದರು. ‘ಹಳಿಗಳ ಪಶ್ಚಿಮ’ ಎಂದು ಅರ್ಥವಾಗುವ ಹೆಸರಿನ ಅವರ ಚಿತ್ರ 2003ರಲ್ಲಿ ಪೂರ್ಣರೂಪದಲ್ಲಿ ಹೊರಬಂದಿತು. ಅದರಲ್ಲಿ ವ್ಯಾಖ್ಯಾನದ ಧ್ವನಿಯಿಲ್ಲ, ಸಂಗೀತದ ಲೇಪವೂ ಇಲ್ಲ.

ಲೋಹ ಕರಗಿಸುವ ಕುಲುಮೆಗಳ ಬಳಿಯ ವಿಶ್ರಾಂತಿಯ ಕೋಣೆಯಲ್ಲಿ ಕಾರ್ಮಿಕರು ಇಸ್ಪೀಟು ಆಡುವರು, ಜಗಳವಾಡುವರು, ಬಾರದ ಸಂಬಳದ ಲೆಕ್ಕ ಹಾಕುವರು. ಸ್ನಾನಗೃಹದ ಕೆಲವು ದೃಶ್ಯಗಳನ್ನು ಮನೆಮಂದಿಯೆಲ್ಲ ಕೂಡಿ ನೋಡಲಾಗದು. ವಾಚಕರಿಗೆ ಇದನ್ನು ಮೊದಲೇ ತಿಳಿಸುವುದು ಲೇಸು. ದೇಹದೊಳಗೆ ಸೇರಿದ ಸೀಸದ ವಿಷವನ್ನು ತೆಗೆಸಿಕೊಳ್ಳಲು ಅವರು ಆಸ್ಪತ್ರೆ ಸೇರುತ್ತಾರೆ. ಕಾರ್ಖಾನೆ ಮುಚ್ಚಿದರೂ ದುಡಿಮೆ ಕೊಟ್ಟ ಕಾಯಿಲೆ ಅವರನ್ನು ಬಿಡುವುದಿಲ್ಲ. ಎರಡನೆಯ ಭಾಗದಲ್ಲಿ ಕಾರ್ಮಿಕರ ಓಣಿಯನ್ನೇ ಕೆಡವಲಾಗುತ್ತದೆ. ಬಿಟ್ಟು ಹೋಗಲೊಲ್ಲದವರು ನೀರು, ವಿದ್ಯುತ್ತು ಇಲ್ಲದೆ ಚಳಿಗಾಲ ಕಳೆಯುತ್ತಾರೆ.

ಕೊನೆಯ ಭಾಗದಲ್ಲಿ ರೈಲುಹಳಿಯ ಪಕ್ಕದಲ್ಲಿ ಕಲ್ಲಿದ್ದಲು ಆಯ್ದು ಬದುಕುವ ಒಬ್ಬ ತಂದೆ ಮತ್ತು ಅವನ ಮಗ. ತಂದೆಯನ್ನು ಪೊಲೀಸರು ಹಿಡಿದೊಯ್ದಾಗ ಮಗ ಒಂದು ಚೀಲದಿಂದ ಮನೆಯವರ ಹಳೆಯ ಭಾವಚಿತ್ರಗಳನ್ನು ತೆಗೆದು ನೋಡುತ್ತಾ ಮೌನವಾಗಿ ಕಣ್ಣೀರಿಡುತ್ತಾನೆ. ಕ್ಯಾಮೆರಾ ಅವನೆದುರಿನಿಂದ ಕದಲುವುದಿಲ್ಲ. ಅನ್ಯರ ದುಃಖವನ್ನು ಹೀಗೆ ದಿಟ್ಟಿಸಬಹುದೇ, ಆ ಗಳಿಗೆಯಲ್ಲಿ ಯಂತ್ರವನ್ನು ಕೆಳಗಿಟ್ಟು ಅವನ ಹೆಗಲ ಮೇಲೆ ಕೈಯಿಡಬೇಕಾಗಿರಲಿಲ್ಲವೇ ಎಂದು ನಮಗೆ ಕಸಿವಿಸಿಯಾಯಿತು. ಕೆಳಗಿಟ್ಟಿದ್ದರೆ ಆ ಹುಡುಗನೊಬ್ಬನಿದ್ದನೆಂಬುದು ನಮಗೆ ತಿಳಿಯುತ್ತಿತ್ತೇ? ಇದಕ್ಕೆ ಉತ್ತರ ನಮಗಿನ್ನೂ ದೊರೆತಿಲ್ಲ. ತಂದೆ ಬಿಡುಗಡೆಯಾಗಿ ಬಂದ ದಿನ ಇಬ್ಬರೂ ಒಂದು ಖಾನಾವಳಿಯಲ್ಲಿ ಕೂರುತ್ತಾರೆ. ಕುಡಿದು ಬಿಕ್ಕಿಬಿಕ್ಕಿ ಅತ್ತು ನಿಲ್ಲಲಾರದಂತಾದ ಮಗನನ್ನು ಆ ತಂದೆ ಬೆನ್ನ ಮೇಲೆ ಹೊತ್ತು ಕತ್ತಲಲ್ಲಿ ಮನೆಯ ಕಡೆಗೆ ನಡೆಯುತ್ತಾನೆ.