ಕಲ್ಲಿಗೆ ಮಾತು, ಕೈಗೆ ಮೌನವೆ?

ಅರಸೀಕೆರೆಯಿಂದ ಹಳೇಬೀಡಿಗೆ ಹೊರಟ ಬಸ್ಸಿನಲ್ಲಿ ಹುಡುಗಿಯೊಬ್ಬಳು ಕೈಸನ್ನೆಯಲ್ಲೇ ಏನನ್ನೋ ಹೇಳಿ ತಂಗಿಯನ್ನು ನಗಿಸುತ್ತಿದ್ದಳು. “ಪಾಪ, ಮೂಗಿ, ಭಾಷೆಯೇ ಇಲ್ಲ” ಎಂದರು ನನ್ನ ಪಕ್ಕದ ಮಹನೀಯರು. ಅವರೇ ಹೊಯ್ಸಳೇಶ್ವರನ ಗುಡಿಯ ಗೋಡೆಯೆದುರು ನಿಂತು, “ಆಹಾ, ಕಲ್ಲು ಮಾತಾಡುತ್ತದೆ!” ಎಂದು ಉದ್ಗರಿಸಿದರು. ಕಲ್ಲು ಮಾತಾಡಬಹುದಂತೆ, ಕೈ ಮಾತಾಡಬಾರದೆ?

ಬೇಲೂರು ತಾಲ್ಲೂಕಿನ ಹಲ್ಮಿಡಿಯಲ್ಲಿ ಸಿಕ್ಕ, ಸುಮಾರು 450ರ ಶಾಸನದ 16 ಸಾಲುಗಳು ನಮಗೆ ಉಳಿದಿವೆ. ಅದನ್ನು ಬರೆಸಿದವರ ದನಿ ಅಂದೇ ಗಾಳಿಗೆ ಹೋಯಿತು. ಬರಹ ಕಾಲವನ್ನು ದಾಟುತ್ತದೆ, ಮಾತು ಕತ್ತಲೆಯನ್ನು ದಾಟುತ್ತದೆ, ಸನ್ನೆ ಕಿವಿಯ ಹಂಗಿಲ್ಲದೆ ಮನಸ್ಸನ್ನು ಮುಟ್ಟುತ್ತದೆ. ಒಂದರ ಕೆಲಸ ಇನ್ನೊಂದಕ್ಕಾಗದು.

ಸನ್ನೆಭಾಷೆ ಬರಿಯ ಅಭಿನಯವಲ್ಲ. ಅದಕ್ಕೆ ತನ್ನದೇ ವ್ಯಾಕರಣವುಂಟು. 1880ರಲ್ಲಿ ಮಿಲಾನ್ ನಗರದಲ್ಲಿ ಸೇರಿದ ಶಿಕ್ಷಣತಜ್ಞರು ಬಾಯಿಮಾತೇ ಮೇಲೆಂದು ನಿರ್ಣಯಿಸಿ, ಕಿವುಡರ ಶಾಲೆಗಳಿಂದ ಅದನ್ನು ಹೊರದೂಡಲು ಕಾರಣರಾದರು. 2010ರಲ್ಲಿ ವ್ಯಾಂಕೂವರಿನ ಸಮ್ಮೇಳನ ಆ ನಿರ್ಣಯವನ್ನು ತಿರಸ್ಕರಿಸಿ ವಿಷಾದ ಸೂಚಿಸಿತು. ನಮ್ಮ 2016ರ ಅಂಗವಿಕಲರ ಹಕ್ಕುಗಳ ಕಾಯ್ದೆಯೂ ಸನ್ನೆಯನ್ನು ಸಂವಹನವೆಂದು ಒಪ್ಪಿದೆ.

“ತುಟಿ ನೋಡಿ ತಿಳಿಯಲಿ” ಎನ್ನುವವರಿದ್ದಾರೆ. ಕನ್ನಡಿಯೆದುರು ನಿಂತು ಪ, ಬ, ಮ ಎನ್ನಿರಿ. ಮೂರಕ್ಕೂ ತುಟಿ ಒಂದೇ ಬಗೆಯಲ್ಲಿ ಮುಚ್ಚೀತು. ಮಗು ಯಾವುದನ್ನು ತಿಳಿಯಬೇಕು?

ಬೇಲೂರು ಹಳೇಬೀಡುಗಳು 2023ರಲ್ಲಿ ವಿಶ್ವ ಪರಂಪರೆಯ ಪಟ್ಟಿಗೆ ಸೇರಿದವು. ಆ ಹುಡುಗಿಗೂ ಆ ಗೋಡೆಗಳ ಕಥೆ ಹೇಳಬಲ್ಲ ಕೈಗಳು ಅಲ್ಲಿರಲಿ. ಅಂದು ಬಸ್ಸಿನಲ್ಲಿ ಅವಳ ಭಾಷೆ ತಿಳಿಯದೆ ಮೂಗನಂತೆ ಕುಳಿತಿದ್ದವನು ನಾನೇ.