ಊರ ಭೂಮಿಯೂ ಅಧಿಕಾರಿಗಳ ವಿಳಂಬವೂ

ಒಬ್ಬ ಗೃಹಸ್ಥನ ಹಿತ್ತಿಲಿನೊಳಗೆ ನೆರೆಯವನು ಒಂದು ಮೊಳ ಬೇಲಿ ಸರಿಸಿದರೆ ಮರುದಿನವೇ ಪಂಚರು ಕೂಡುವರು. ವಕೀಲರ ಮನೆಗೆ ಓಡಾಟ ಮೊದಲಾಗುವದು. ಅದೇ ಬೇಲಿಯನ್ನು ಊರ ಗೋಮಾಳದಲ್ಲಿ, ಕೆರೆಯಂಗಳದಲ್ಲಿ, ಶಾಲೆಯ ಬಯಲಿನಲ್ಲಿ ನೆಟ್ಟರೆ ಎಲ್ಲರೂ ನೋಡುವರು, ಯಾರೂ ಕೇಳರು. ಯಾರಾದರೂ ಅರ್ಜಿ ಕೊಟ್ಟರೆ ‘ಪರಿಶೀಲನೆಯಲ್ಲಿದೆ’ ಎಂದು ಬರೆದು ಅಧಿಕಾರಿಗಳು ಕಡತವನ್ನು ಕಟ್ಟಿಡುವರು. ಅತಿಕ್ರಮಣಕ್ಕಿಂತ ಈ ವಿಳಂಬವೇ ಹೆಚ್ಚಿನ ಕೇಡೆಂದು ನಮ್ಮ ಮತ.

ಕಾಯಿದೆಯ ಕೊರತೆ ಇದಕ್ಕೆ ಕಾರಣವಲ್ಲ. 1964ರ ಕರ್ನಾಟಕ ಭೂಕಂದಾಯ ಕಾಯಿದೆಯ 67ನೆಯ ಕಲಮು ರಸ್ತೆ, ಹಳ್ಳ, ಕೆರೆಗಳನ್ನು ಸರಕಾರದ ಸ್ವತ್ತೆಂದು ಸಾರುತ್ತದೆ. 94 ಹಾಗೂ 104ನೆಯ ಕಲಮುಗಳು ಅತಿಕ್ರಮಿಸಿದವನನ್ನು ದಂಡಿಸಿ ಹೊರಹಾಕುವ ಅಧಿಕಾರವನ್ನು ಕೊಟ್ಟಿವೆ. 1976ರ ಮಹಾನಗರಪಾಲಿಕೆಗಳ ಕಾಯಿದೆಯಂತೆ ಬೀದಿಯ ಮೇಲೆ ಕಟ್ಟಿದ ಗೋಡೆ-ಕಟ್ಟೆಗಳನ್ನು ಆಯುಕ್ತರು ತೆಗೆಯಿಸಬಹುದು. 2011ರ ಭೂಕಬಳಿಕೆ ನಿಷೇಧ ಕಾಯಿದೆಯಂತೂ ವಿಶೇಷ ನ್ಯಾಯಾಲಯವನ್ನೇ ನಿರ್ಮಿಸಿ, ಯಾವ ನಾಗರಿಕನೇ ಆಗಲಿ ಅಲ್ಲಿಗೆ ಅರ್ಜಿ ಮಾಡಬಹುದೆಂದು ವಿಧಿಸಿದೆ. ಕತ್ತಿ ಇದೆ, ಒರೆಯಿಂದ ಹಿರಿಯುವ ಕೈ ಇಲ್ಲ.

ಕಾಲವು ಕಳ್ಳನ ಪಕ್ಷದಲ್ಲಿದೆ ಎಂಬುದನ್ನು ವಾಚಕರು ಮರೆಯಬಾರದು. ಸರಕಾರವು ತನ್ನ ಭೂಮಿಗಾಗಿ ದಾವೆ ಹೂಡಲು 1908ರ ಕಾಲಮಿತಿ ಕಾಯಿದೆಯಲ್ಲಿ 60 ವರುಷಗಳ ಅವಧಿ ಇದ್ದಿತು. 1963ರ ಕಾಯಿದೆ ಅದನ್ನು 30ಕ್ಕೆ ಇಳಿಸಿತು. ಕಡತ ಮಲಗಿದ ಒಂದೊಂದು ವರುಷವೂ ಅತಿಕ್ರಮಣಕಾರನ ಲೆಕ್ಕಕ್ಕೆ ಜಮೆಯಾಗುವದು. ‘ಬಹುಕಾಲದಿಂದ ಇದ್ದೇನೆ, ಹಣ ಸುರಿದು ಕಟ್ಟಿದ್ದೇನೆ’ ಎಂಬ ವಾದಕ್ಕೆ ಸುಪ್ರೀಮ್ ಕೋರ್ಟು 2011ರ ಜನವರಿ 28ರಂದು ಜಗಪಾಲ ಸಿಂಗರ ಮೊಕದ್ದಮೆಯಲ್ಲಿ ಸ್ಪಷ್ಟ ಉತ್ತರವಿತ್ತಿದೆ: ದೀರ್ಘಕಾಲದ ಸ್ವಾಧೀನವಾಗಲಿ, ಖರ್ಚಾಗಲಿ, ರಾಜಕೀಯ ಸಂಬಂಧವಾಗಲಿ ಊರ ಭೂಮಿಯ ಅಕ್ರಮವನ್ನು ಸಕ್ರಮಗೊಳಿಸಲು ಕಾರಣವಾಗಲಾರವು.

ಹಾಗಾದರೆ ನಾಗರಿಕನು ಮಾಡತಕ್ಕದ್ದೇನು? ಮೊದಲು ಸರ್ವೇ ನಕ್ಷೆ, ಮೋಜಣಿಯ ದಾಖಲೆಗಳನ್ನು 2005ರ ಮಾಹಿತಿ ಹಕ್ಕಿನ ಕಾಯಿದೆಯಂತೆ ಕೇಳಬೇಕು. 30 ದಿನಗಳೊಳಗೆ ಉತ್ತರಿಸುವದು ಅಧಿಕಾರಿಯ ಹೊಣೆ. ಬಳಿಕ ತಹಶೀಲದಾರರಿಗೋ ಪಾಲಿಕೆಯ ಆಯುಕ್ತರಿಗೋ ಲಿಖಿತ ಅರ್ಜಿ ಕೊಟ್ಟು, ಅದು ಮುಟ್ಟಿದ ಬಗ್ಗೆ ಸಹಿ ಪಡೆಯಬೇಕು. ಬಾಯಿಮಾತಿನ ದೂರು ನ್ಯಾಯಾಲಯದಲ್ಲಿ ನಿಲ್ಲದು. ಅಷ್ಟಾದರೂ ಅಧಿಕಾರಿ ಕದಲದಿದ್ದರೆ, ಸಂವಿಧಾನದ 226ನೆಯ ಅನುಚ್ಛೇದದ ಮೇರೆಗೆ ‘ನಿನ್ನ ಕರ್ತವ್ಯವನ್ನು ಮಾಡು’ ಎಂಬ ಪರಮಾದೇಶವನ್ನು ಉಚ್ಚ ನ್ಯಾಯಾಲಯದಿಂದ ಬೇಡಬಹುದು. ಇದಕ್ಕಾಗಿ ಬೆಂಗಳೂರಿಗೆ ಅಲೆಯುವ ಕಾಲ ಕಳೆಯಿತು. ಧಾರವಾಡಕ್ಕೆ 2008ರ ಜುಲೈಯಲ್ಲಿ ಸಂಚಾರಿ ಪೀಠ ಬಂದಿತು, 2013ರ ಆಗಸ್ಟಿನಲ್ಲಿ ಅದು ಕಾಯಮ್ಮಾಯಿತು. ಇಬ್ಬರು ನಾಗರಿಕರು ಕೂಡಿ, ನ್ಯಾಯಾಲಯದ ಅನುಮತಿ ಪಡೆದು, ದಿವಾಣಿ ಪ್ರಕ್ರಿಯಾ ಸಂಹಿತೆಯ 91ನೆಯ ಕಲಮಿನಂತೆ ದಾವೆ ಹೂಡುವ ದಾರಿಯೂ ಉಂಟು. ಸ್ವಂತದ ನಷ್ಟವನ್ನು ತೋರಿಸುವ ಅವಶ್ಯಕತೆ ಅಲ್ಲಿಲ್ಲ.

ಆದರೆ ಬಡವನ ತಳ್ಳುಗಾಡಿಯನ್ನೂ ಧನಿಕನ ಬಡಾವಣೆಯನ್ನೂ ಒಂದೇ ತಕ್ಕಡಿಯಲ್ಲಿ ತೂಗಲು ನಾವು ಒಪ್ಪೆವು. ಬೀದಿ ವ್ಯಾಪಾರಿಗಳಿಗೆ 2014ರ ಕಾಯಿದೆಯ ರಕ್ಷಣೆಯಿದೆ. ಕಟ್ಟಡ ಕೆಡಹುವ ಮುನ್ನ 15 ದಿನಗಳ ನೋಟೀಸು ಬೇಕೆಂದು ಸುಪ್ರೀಮ್ ಕೋರ್ಟು 2024ರ ನವೆಂಬರ 13ರಂದು ಅಪ್ಪಣೆಮಾಡಿದೆ. ರಸ್ತೆ, ಕಾಲುದಾರಿ, ನದಿ-ಕೆರೆಗಳ ಮೇಲಿನ ಅಕ್ರಮ ಕಟ್ಟಡಗಳನ್ನು ಮಾತ್ರ ಅದರಿಂದ ಹೊರಗಿಟ್ಟಿದೆ. ಬಡವನನ್ನು ಒಂದೇ ಮುಂಜಾನೆಯಲ್ಲಿ ಎಬ್ಬಿಸಿ, ಕೆರೆ ನುಂಗಿದವನಿಗೆ ವರುಷಗಟ್ಟಲೆ ನೋಟೀಸು ಬರೆಯುತ್ತ ಕೂಡುವದು ನ್ಯಾಯವಲ್ಲ.

ಕಾಯಿದೆಯ ಜೊತೆಗೆ ಜನಬಲವೂ ಕೂಡಿದರೆ ಏನಾಗುವದೆಂಬುದನ್ನು ನಮ್ಮ ಸೀಮೆ ಕಂಡಿದೆ. 1984ರಲ್ಲಿ ಸರಕಾರವೇ ಊರುಗಳ ಸಾಮೂಹಿಕ ಭೂಮಿಯನ್ನು ಕರ್ನಾಟಕ ಪಲ್ಪ್‌ವುಡ್ ಕಂಪನಿಯ ನೀಲಗಿರಿ ತೋಪಿಗೆ ಒಪ್ಪಿಸಹೊರಟಾಗ, ಧಾರವಾಡದ ಸಮಾಜ ಪರಿವರ್ತನ ಸಮುದಾಯವು ಸುಪ್ರೀಮ್ ಕೋರ್ಟಿಗೂ ಹೋಯಿತು. ಕುಸನೂರಿನಲ್ಲಿ 1987ರ ನವೆಂಬರಿನಲ್ಲಿ ‘ಕಿತ್ತಿಕೋ-ಹಚ್ಚಿಕೋ’ ಸತ್ಯಾಗ್ರಹವನ್ನೂ ನಡೆಸಿತು. 1991ರಲ್ಲಿ ಕಂಪನಿಯೇ ಮುಚ್ಚಿತು.

ಆದುದರಿಂದ ನಮ್ಮ ಬಿನ್ನಹವಿಷ್ಟೆ: ಶಿಕ್ಷಕರು ತಮ್ಮ ಶಾಲೆಯ ಬಯಲಿನ ಹದ್ದನ್ನು, ನಾಗರಿಕರು ತಮ್ಮ ಓಣಿಯ ನಾಲೆ-ರಸ್ತೆಗಳ ಹದ್ದನ್ನು ಈ ತಿಂಗಳೇ ಅಳೆಯಿಸಲಿ, ಕಡಮೆ ಬಿದ್ದಲ್ಲಿ ಅರ್ಜಿ ಬರೆಯಲಿ. ಅಧಿಕಾರಿ ತಡಮಾಡಿದರೂ ನಾವು ತಡಮಾಡಬಾರದು.