ಪುಕ್ಕಟೆ ಆಟವೂ ಅಚೌರ್ಯವ್ರತವೂ

ಆರ್.ಟಿ. ನಗರ, ಯಲಹಂಕಗಳ ನಮ್ಮ ಶ್ರಾವಕರ ಮನೆಗಳಲ್ಲಿ ಗಣಕಯಂತ್ರದ ಮುಂದೆ ಕುಳಿತ ಮಗುವನ್ನು ‘ಈ ಆಟ ಎಲ್ಲಿಂದ ಬಂತು?’ ಎಂದು ಕೇಳಿರಿ. ‘ಕ್ರ್ಯಾಕ್ ಮಾಡಿದ್ದು, ಪುಕ್ಕಟೆ’ ಎಂಬ ಉತ್ತರ ಬರುತ್ತದೆ. ಸೂರ್ಯಾಸ್ತದ ನಂತರ ತುತ್ತು ಮುಟ್ಟದ ಹಿರಿಯರು ನಕ್ಕು ಸುಮ್ಮನಾಗುತ್ತಾರೆ. ಕೃತ, ಕಾರಿತ, ಅನುಮೋದನ ಮೂರೂ ಸಮವೆಂದು ಬಲ್ಲವರ ಈ ನಗೆ ಅನುಮೋದನವಲ್ಲವೇ?

ಇದು ಹುಡುಗಾಟವಲ್ಲ. 1985ರಲ್ಲಿ ನಾರ್ವೆಯಲ್ಲಿ ಹುಟ್ಟಿದ ರೇಜರ್ 1911ರಿಂದ 2022ರ ಫೆಬ್ರವರಿಯಲ್ಲಿ ಕೆಲಸ ನಿಲ್ಲಿಸಿದ ಕೋಡೆಕ್ಸ್‌ವರೆಗೆ ಇವು ಕಟ್ಟುನಿಟ್ಟಿನ ಗುಂಪುಗಳು. ಆಟ ಮಾರುಕಟ್ಟೆಗೆ ಬಂದ ಮೇಲೂ ನಿರ್ಮಾಪಕರು ದೋಷಗಳನ್ನು ತಿದ್ದಿ ಅಪ್‌ಡೇಟ್‌ಗಳನ್ನು ಕಳುಹಿಸುತ್ತಾರೆ. ಅದರಿಂದ ಮೂಲ ಕಡತ ಬದಲಾಗಿ, ಹಳೆಯ ಕಳ್ಳಕೀಲಿ ಹೊಂದದೆ ಹೋಗುತ್ತದೆ. ಆಗ ಒಬ್ಬನು ಹೊಸ ಕಡತ ತಂದೊಪ್ಪಿಸುತ್ತಾನೆ. ಇನ್ನೊಬ್ಬನು ಪರವಾನಗಿ ಪರೀಕ್ಷಿಸುವ ಭಾಗವನ್ನು ನಿಷ್ಕ್ರಿಯಗೊಳಿಸುತ್ತಾನೆ. ಮತ್ತೊಬ್ಬನು ಗುಂಪಿನ ಹೆಸರು ಲಗತ್ತಿಸಿ ಗುಪ್ತ ಸರ್ವರುಗಳಿಗೆ ಏರಿಸುತ್ತಾನೆ. ಅಲ್ಲಿಂದ ಟೊರೆಂಟ್ ಮೂಲಕ ನಮ್ಮ ಮನೆಗೆ. ಕಳವು ಒಮ್ಮೆಗೆ ಮುಗಿಯದು. ಅಪ್‌ಡೇಟ್ ಬಂದಾಗಲೆಲ್ಲ ಮರುಕಳಿಸುತ್ತದೆ.

‘ಪ್ರತಿ ಮಾಡಿದರೆ ಮೂಲ ಕಳೆದುಹೋಗುವುದಿಲ್ಲ, ನಷ್ಟ ಯಾರಿಗೆ?’ ಎಂಬುದು ತರುಣರ ವಾದ. ತತ್ತ್ವಾರ್ಥಸೂತ್ರವು ಕಳವನ್ನು ನಷ್ಟದಿಂದ ಅಳೆಯಲಿಲ್ಲ. ಕೊಡದುದನ್ನು ಕೊಳ್ಳುವುದೇ ಸ್ತೇಯವೆಂದಿತು. ಕಳ್ಳನನ್ನು ಪ್ರೇರಿಸುವ ಸ್ತೇನಪ್ರಯೋಗವನ್ನೂ, ಕದ್ದು ತಂದುದನ್ನು ಪಡೆಯುವ ತದಾಹೃತಾದಾನವನ್ನೂ ಅಚೌರ್ಯಾಣುವ್ರತದ ಅತಿಚಾರಗಳಲ್ಲಿ ಎಣಿಸಿತು. ಬೀಗ ಮುರಿದವನು ಎಲ್ಲಿಯೋ ಇರಬಹುದು. ಮಾಲು ನಮ್ಮ ಮನೆಯಲ್ಲಿದೆ. ಕಾನೂನೂ ಬೇರೆ ಹೇಳುವುದಿಲ್ಲ. 1957ರ ಕೃತಿಸ್ವಾಮ್ಯ ಅಧಿನಿಯಮದ 63ಬಿ ಕಲಮು ಕಳ್ಳಪ್ರತಿಯೆಂದು ತಿಳಿದೂ ಬಳಸುವವನನ್ನು, 2012ರಲ್ಲಿ ಸೇರಿದ 65ಎ ಕಲಮು ಹಕ್ಕುಭಂಗಕ್ಕಾಗಿ ತಾಂತ್ರಿಕ ರಕ್ಷಣೆ ಮುರಿಯುವವನನ್ನು ದಂಡನೆಗೆ ಗುರಿಪಡಿಸುತ್ತವೆ.

‘ಅವರು ವಿದೇಶದ ಸಿರಿವಂತರು’ ಎಂಬ ಸಮಾಧಾನವೂ ಪೊಳ್ಳು. ಗಿರಾಕಿ ಸಿರಿವಂತನೆಂದು ನಮ್ಮ ವರ್ತಕರು ತೂಕ ಕಡಿಮೆ ಮಾಡುವರೇ? 1997ರಲ್ಲಿ ಧ್ರುವ ಇಂಟರಾಕ್ಟಿವ್ ಆರಂಭವಾದದ್ದು ಬೆಂಗಳೂರಿನಲ್ಲಿಯೇ. 2019ರಲ್ಲಿ ಅದನ್ನು ರಾಕ್‌ಸ್ಟಾರ್ ಕಂಪನಿ ಕೊಂಡಿತು. ಆಟ ಕಟ್ಟುವವರಲ್ಲಿ ನಮ್ಮ ನಗರದ ಮಕ್ಕಳೂ ಇದ್ದಾರೆ.

ಬೆಲೆ ದುಬಾರಿಯೆಂಬುದು ನಿಜ. ಆದರೆ ಅದಕ್ಕೆ ಪರಿಹಾರ ಇಚ್ಛಾಪರಿಮಾಣವೇ ಹೊರತು ಕಳವಲ್ಲ. ಕೊಳ್ಳಲಾಗದಿದ್ದರೆ ಕಾಯಬೇಕು, ನಿರ್ಮಾಪಕರೇ ಉಚಿತವಾಗಿ ಕೊಟ್ಟ ಆಟಗಳೂ ಇವೆ.

ಬಸದಿಗಳ ಟ್ರಸ್ಟಿಗಳಲ್ಲಿ ಒಂದು ವಿನಂತಿ. ನಿಮ್ಮ ಕಚೇರಿಯ, ಪಾಠಶಾಲೆಯ ಗಣಕಯಂತ್ರಗಳಲ್ಲಿರುವ ತಂತ್ರಾಂಶಕ್ಕೆ ಪರವಾನಗಿ ಇದೆಯೇ ಎಂದು ಲೆಕ್ಕಪರಿಶೋಧನೆಯ ದಿನ ಕೇಳಿರಿ. ಕದ್ದ ತಂತ್ರಾಂಶದಿಂದ ಅಚೌರ್ಯದ ಪಾಠ ಅಚ್ಚಾಗಬಾರದು.